ಕತ್ತರಿ ತರುವ ಚಳಿಗಾಲ

ಗೊನೆ ಆಗಲೇ ಮೂಡಿರುತ್ತದೆ! ಅಕ್ಟೋಬರ್ ಚಾಟ್ನಿಗೆ, ಅಂದರೆ ಕಡ್ಡಿ ಕತ್ತರಿಸುವುದಕ್ಕೆ, ಮುಂಚೆ ದ್ರಾಕ್ಷಿ ಬೆಳೆಗಾರರು ಕಡ್ಡಿಗಳ ಸಣ್ಣ ಕಟ್ಟು ಕಟ್ಟಿಕೊಂಡು ಪ್ರಯೋಗಾಲಯಕ್ಕೆ ಹೋಗುವುದು ಅದನ್ನು ನೋಡಿಸಿಕೊಂಡು ಬರಲಿಕ್ಕೆ. ಕಡ್ಡಿಯ ಗೆಣ್ಣಿನಲ್ಲಿ ಕಂದು ಹುರುಪೆ ಹೊದ್ದು ಕೂತ ಕಣ್ಣು ಜೋಳದ ಕಾಳಿಗಿಂತ ದೊಡ್ಡದೇನಲ್ಲ. ಬ್ಲೇಡಿನಿಂದ ಅದನ್ನು ಸೀಳಿ ಸೂಕ್ಷ್ಮದರ್ಶಕದ ಕೆಳಗೆ ಇಟ್ಟರೆ ಒಳಗೆ ಎಳೆ ಹಸಿರಿನ, ಉಬ್ಬು ಉಬ್ಬಾದ ಒಂದು ಪುಟ್ಟ ಆಕಾರ ಕಾಣುತ್ತದೆ. ಅದೇ ಗೊನೆ. ಬರುವ ಫೆಬ್ರುವರಿಯಲ್ಲೋ ಮಾರ್ಚ್‌ನಲ್ಲೋ ನಾವು ತಿನ್ನಬೇಕಾದ ದ್ರಾಕ್ಷಿ, ಹೂವಾಗುವ ಎಷ್ಟೋ ತಿಂಗಳ ಮೊದಲೇ, ಬಿರುಬೇಸಿಗೆಯ ದಿನಗಳಲ್ಲೇ ಕಣ್ಣೊಳಗೆ ಕವಲೊಡೆದು ಕೂತಿದೆ. ಮೊದಲ ಸಲ ಅದನ್ನು ಕಂಡಾಗ ನನಗೆ ಮಾತೇ ಹೊರಡಲಿಲ್ಲ.

ವಿಜಯಪುರದಿಂದ ಅಥಣಿ ರಸ್ತೆ ಹಿಡಿದು ತಿಕೋಟಾಕ್ಕೆ ಹೋಗಿ, ಇಲ್ಲವೇ ಜಮಖಂಡಿ ರಸ್ತೆ ಹಿಡಿದು ಬಬಲೇಶ್ವರಕ್ಕೆ ಹೋಗಿ, ದ್ರಾಕ್ಷಿ ಪಡ ಕಣ್ಣಿಗೆ ಬೀಳದೆ ಇರುವುದಿಲ್ಲ. ಕಬ್ಬಿಣದ ಕಂಬ, ತಂತಿಯ ಹಂದರ, ನಡುನಡುವೆ ಹಸಿರು ಬಲೆ ಹೊದಿಸಿದ ಒಣದ್ರಾಕ್ಷಿ ಶೆಡ್ಡು. ಕರ್ನಾಟಕದಲ್ಲಿ ಅತಿ ಹೆಚ್ಚು ದ್ರಾಕ್ಷಿ ಬೆಳೆಯುವ ಜಿಲ್ಲೆ ಇದು. ವರ್ಷಕ್ಕೆ 600 ಮಿಲಿಮೀಟರ್ ಮುಟ್ಟಲು ಒದ್ದಾಡುವ ಮಳೆ, ಏಪ್ರಿಲ್ ಮೇ ತಿಂಗಳಲ್ಲಿ 40 ಡಿಗ್ರಿ ದಾಟುವ ಬಿಸಿಲು, ಕಲ್ಲು ಸುಣ್ಣ ಬೆರೆತ ಮಡ್ಡಿ ಭೂಮಿ. ಜೋಳ, ತೊಗರಿಯ ಜೊತೆಗೆ ದ್ರಾಕ್ಷಿಯೂ ಈ ನೆಲದ್ದೇ ಬೆಳೆ ಎಂದು ನಾವು ನಂಬಿಬಿಟ್ಟಿದ್ದೇವೆ. ಆದರೆ ಈ ಬಳ್ಳಿಯ ಮೈಯ ಕಟ್ಟುವಿಕೆಯೇ ಬೇರೆ. ಅದು ಚಳಿಗಾಲಕ್ಕೆಂದು ಹುಟ್ಟಿದ ಗಿಡ!

ಪಶ್ಚಿಮ ಏಷ್ಯಾ ಮತ್ತು ಕಾಕಸಸ್ ಸೀಮೆಯಲ್ಲಿ ಸುಮಾರು 11,000 ವರ್ಷಗಳ ಹಿಂದೆ ಮನುಷ್ಯ ಅದನ್ನು ಕಾಡಿನಿಂದ ಮನೆಗೆ ತಂದ. ಆ ಊರುಗಳಲ್ಲಿ ಚಳಿ ಬಿದ್ದೊಡನೆ ಬಳ್ಳಿ ಎಲೆಯನ್ನೆಲ್ಲ ಉದುರಿಸಿ, ಕಣ್ಣುಗಳನ್ನು ಮುಚ್ಚಿಕೊಂಡು ಮಲಗುತ್ತದೆ. ತಿಂಗಳುಗಟ್ಟಲೆ ತಣ್ಣಗೆ ಕಳೆದ ಮೇಲೆಯೇ ಕಣ್ಣು ಒಡೆಯುವ ಅಪ್ಪಣೆ ಅದಕ್ಕೆ ಒಳಗಿನಿಂದ ಸಿಗುತ್ತದೆ. ವಿಜಯಪುರದಲ್ಲಿ ಅಂಥ ಚಳಿ ಎಲ್ಲಿದೆ? ಡಿಸೆಂಬರಿನ ಕೆಲವು ರಾತ್ರಿ ಪಾರಾ 10 ಡಿಗ್ರಿಗಿಂತ ಕೆಳಗಿಳಿಯುತ್ತದೆ, ಬೆಳಗಾಗುವಷ್ಟರಲ್ಲಿ ಬಿಸಿಲು ಏರುತ್ತದೆ. ಬಳ್ಳಿ ಎಲೆ ಉದುರಿಸುವುದಿಲ್ಲ. ಮಲಗುವುದಿಲ್ಲ. ಸುಮ್ಮನೆ ಬಿಟ್ಟರೆ ವರ್ಷವಿಡೀ ಹಬ್ಬುತ್ತಲೇ ಇರುತ್ತದೆ, ತುದಿಯಲ್ಲಿ ಎಲೆ, ಬುಡದಲ್ಲಿ ಕಟ್ಟಿಗೆ, ಹಣ್ಣು ಮಾತ್ರ ಅಲ್ಲೊಂದು ಇಲ್ಲೊಂದು. ಮನೆಯ ಹಿತ್ತಲಿನಲ್ಲಿ ಆಸೆಯಿಂದ ದ್ರಾಕ್ಷಿ ಹಚ್ಚಿದ ಎಷ್ಟೋ ಜನ ‘ಬಳ್ಳಿ ಭಾಳ ಬೆಳದೈತ್ರಿ, ಗೊನಿ ಇಲ್ಲ’ ಅನ್ನುವುದು ಇದಕ್ಕೇ. ಅದಕ್ಕೆ ಗೊಬ್ಬರ ಸಾಲದೆ ಹೋದದ್ದಲ್ಲ. ಅದರ ಬದುಕಿನಲ್ಲಿ ಚಳಿಗಾಲ ಬರಲೇ ಇಲ್ಲ.

ಆ ಚಳಿಗಾಲವನ್ನು ಕತ್ತರಿ ತರುತ್ತದೆ. ಒಮ್ಮೆ ಅಲ್ಲ, ವರ್ಷಕ್ಕೆ ಎರಡು ಸಲ!

ಏಪ್ರಿಲ್ ಚಾಟ್ನಿಯಲ್ಲಿ ಹಣ್ಣು ಕೊಟ್ಟ ಕಡ್ಡಿಗಳನ್ನು ಒಂದೋ ಎರಡೋ ಕಣ್ಣು ಉಳಿಸಿ ಬುಡಕ್ಕೆ ಕತ್ತರಿಸುತ್ತಾರೆ. ಹಂದರ ಬೋಳಾಗುತ್ತದೆ. ಹದಿನೈದು ದಿನದೊಳಗೆ ಹೊಸ ಚಿಗುರು. ಮೇ, ಜೂನ್‌ನ ಆ ಬೆಂಕಿಯಂಥ ಬಿಸಿಲೇ ಈಗ ಬಳ್ಳಿಗೆ ಬೇಕಾಗಿರುವುದು. ಚಿಗುರು ಹೊರಟ ಸುಮಾರು 40ರಿಂದ 60 ದಿನಗಳ ಒಳಗೆ ಪ್ರತಿ ಕಣ್ಣಿನೊಳಗೂ ಒಂದು ತೀರ್ಮಾನ ನಡೆಯುತ್ತದೆ. ಬೆಳಕು ಚೆನ್ನಾಗಿ ಬಿದ್ದ ಕಣ್ಣು ಗೊನೆ ಕಟ್ಟುತ್ತದೆ, ನೆರಳಿನಲ್ಲಿ ಮುಚ್ಚಿಹೋದ ಕಣ್ಣು ಬರೀ ಬಳ್ಳಿ ಕಟ್ಟುತ್ತದೆ. ಮಳೆಗಾಲದಲ್ಲಿ ಕಡ್ಡಿ ಹಸಿರಿನಿಂದ ಕಂದಿಗೆ ತಿರುಗಿ ಮಾಗುತ್ತದೆ. ಅಕ್ಟೋಬರಿನಲ್ಲಿ ಎರಡನೇ ಕತ್ತರಿ. ಈ ಸಲ ಗೊನೆ ಇರುವ ಕಣ್ಣಿನ ಮೇಲೆ ಕತ್ತರಿಸಬೇಕು. ಬಾಕಿ ಎಲೆಗಳನ್ನೆಲ್ಲ ಕೈಯಿಂದ ಕೀಳಬೇಕು. ಉದುರದ ಎಲೆಯನ್ನು ನಾವೇ ಉದುರಿಸಿ ಬಳ್ಳಿಗೆ ‘ಚಳಿಗಾಲ ಮುಗಿಯಿತು, ಏಳು’ ಎಂದು ಹೇಳುವ ಕೆಲಸ ಇದು. ಕತ್ತರಿಸಿದ ತುದಿಯಿಂದ ತೊಟ್ ತೊಟ್ ಎಂದು ನೀರು ಇಳಿಯುತ್ತದೆ. ಬೇರು ಎಚ್ಚತ್ತು ಮೇಲಕ್ಕೆ ನೀರು ತಳ್ಳುತ್ತಿದೆ ಎಂದು ಅದರ ಅರ್ಥ.

ಇನ್ನೂ ಒಂದು ಸಂಗತಿ ಕೇಳಿ. ದ್ರಾಕ್ಷಿಯ ಬಳ್ಳಿ ತಂತಿಗೆ ಸುತ್ತಿಕೊಳ್ಳುವ ಕುಡಿಯೂ ನಾವು ತಿನ್ನುವ ಗೊನೆಯೂ ಒಂದೇ ಅಂಗದ ಎರಡು ಹಣೆಬರಹ! ಎಲೆಯ ಎದುರಿಗೆ, ಅದೇ ಜಾಗದಲ್ಲಿ, ಒಂದು ಗೆಣ್ಣಿನಲ್ಲಿ ಗೊನೆ ಬಂದರೆ ಇನ್ನೊಂದರಲ್ಲಿ ಕುಡಿ ಬರುತ್ತದೆ. ಕಣ್ಣೊಳಗಿನ ಆ ಮೊಳಕೆಗೆ ಜಿಬ್ಬರೆಲಿನ್ ಎಂಬ ಚೋದಕ ಜಾಸ್ತಿ ಸಿಕ್ಕರೆ ಕುಡಿಯಾಗುತ್ತದೆ, ಸೈಟೊಕೈನಿನ್ ಸಿಕ್ಕರೆ ಹೂಗೊನೆಯಾಗುತ್ತದೆ. ಆಸ್ಟ್ರೇಲಿಯಾದ ಪಾಲ್ ಬಾಸ್ ಮತ್ತು ಮಾರ್ಕ್ ಥಾಮಸ್ 2002ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಒಂದು ಕುಬ್ಜ ದ್ರಾಕ್ಷಿಯ ಕಥೆ ಹೇಳಿದರು. ಷಾಂಪೇನ್‌ಗೆ ಬಳಸುವ ಪಿನೋ ಮ್ಯೂನಿಯೇ ತಳಿಯಿಂದ ಬಂದ ಆ ಗಿಡಕ್ಕೆ ಜಿಬ್ಬರೆಲಿನ್‌ನ ಮಾತೇ ಕೇಳಿಸುವುದಿಲ್ಲ. ಹಾಗಾಗಿ ಕುಡಿ ಬರಬೇಕಾದಲ್ಲೆಲ್ಲ ಗೊನೆ ಬಂದಿತ್ತು. ತಿಕೋಟಾದ ಪಡಗಳಲ್ಲಿ ಏಪ್ರಿಲ್ ಚಾಟ್ನಿಯ ನಂತರ ಚಿಗುರಿನ ಹುಚ್ಚು ಓಟವನ್ನು ತಡೆಯುವ ಸಿಂಪರಣೆ ಮಾಡುತ್ತಾರಲ್ಲ, ಅದರ ಒಳಗುಟ್ಟೂ ಇದೇ. ಮನೆಯ ಬಳ್ಳಿಯಲ್ಲಿ ಅಲ್ಲಲ್ಲಿ ಕುಡಿಯ ತುದಿಗೆ ಒಂದೆರಡು ಕಾಯಿ ಕಟ್ಟಿರುವುದನ್ನು ಹುಡುಕಿ ನೋಡಿ. ತೀರ್ಮಾನ ಅರ್ಧಕ್ಕೆ ನಿಂತ ಜಾಗ ಅದು.

ಚಳಿ ಇಲ್ಲದ ಈ ದಖ್ಖನಿನಲ್ಲಿ ದ್ರಾಕ್ಷಿ ಬೇರೆ ರೀತಿ ನಡೆದುಕೊಳ್ಳುತ್ತದೆ ಎಂಬುದನ್ನು ಬಲು ಹಿಂದೆಯೇ ಒಬ್ಬ ಕಂಡಿದ್ದ. 14ನೇ ಶತಮಾನದಲ್ಲಿ ದೌಲತಾಬಾದಿಗೆ ಬಂದ ಇಬ್ನ್ ಬತೂತಾ, ಅಲ್ಲಿ ದ್ರಾಕ್ಷಿಯೂ ದಾಳಿಂಬೆಯೂ ವರ್ಷಕ್ಕೆ ಎರಡು ಸಲ ಫಲ ಕೊಡುತ್ತವೆ ಎಂದು ಬರೆದಿಟ್ಟ. ಮೊರಾಕ್ಕೊದಿಂದ ಹೊರಟು ದ್ರಾಕ್ಷಿಯ ಸೀಮೆಗಳನ್ನೆಲ್ಲ ದಾಟಿ ಬಂದವನಿಗೆ ಅದು ಬರೆದಿಡುವಷ್ಟು ದೊಡ್ಡ ವಿಷಯ. ವಿಜಯನಗರವನ್ನು ಕಂಡ ಪೋರ್ತುಗೀಸ್ ಪ್ರವಾಸಿ ಡೊಮಿಂಗೊ ಪಾಯೆಸ್, ಪಣವೊಂದಕ್ಕೆ ಮೂರು ಗೊನೆ ದ್ರಾಕ್ಷಿ ಸಿಗುತ್ತಿತ್ತೆಂದು ಪೇಟೆಯ ದರವನ್ನೂ ಹೇಳುತ್ತಾನೆ. ನಮ್ಮ ರೈತ ಇವತ್ತು ಎರಡು ಬೆಳೆಯ ಆಸೆಗೆ ಬೀಳುವುದಿಲ್ಲ. ಮಳೆಗಾಲದ ಹಣ್ಣು ಕೊಳೆಯುತ್ತದೆ, ಬಳ್ಳಿಯೂ ಸೋಲುತ್ತದೆ. ಎರಡು ಚಾಟ್ನಿ, ಒಂದೇ ಬೆಳೆ. ಅದರ ಲೆಕ್ಕಾಚಾರ ನನಗೆ ಯಾವ ಗಡಿಯಾರಕ್ಕಿಂತಲೂ ಚೆಂದ ಕಾಣುತ್ತದೆ.

ಇಷ್ಟು ತಿಳಿದ ಮೇಲೆ ನನಗೆ ಒಂದು ಹುಚ್ಚು ಪ್ರಶ್ನೆ ಹತ್ತಿಕೊಂಡಿತು. ಚಳಿಗಾಲವೇ ಇಲ್ಲದ ವಿಜಯಪುರದಲ್ಲಿ, ಕಡು ಚಳಿ ತಡೆಯುವ ದ್ರಾಕ್ಷಿಗೆ ಏನು ಕೆಲಸ? ಆ ಪ್ರಶ್ನೆಯ ಬೆನ್ನು ಹತ್ತಿದಾಗ ಸಿಕ್ಕದ್ದು ನಾನು ಕನಸಿನಲ್ಲೂ ಎಣಿಸದ ಉತ್ತರ.

ಅಮೆರಿಕದ ವಿಸ್ಕಾನ್ಸಿನ್ ರಾಜ್ಯದಲ್ಲಿ ಆಸಿಯೋಲಾ ಎಂಬ ಊರು. ಅಲ್ಲಿ ಚಳಿಗಾಲದಲ್ಲಿ ಪಾರಾ ಸೊನ್ನೆಗಿಂತ 30 ಡಿಗ್ರಿ ಕೆಳಗೂ ಹೋಗುತ್ತದೆ. ಅಲ್ಲಿಯ ರೈತ ಎಲ್ಮರ್ ಸ್ವೆನ್ಸನ್ 1943ರ ಸುಮಾರಿಗೆ ತನ್ನ ಹೊಲದಲ್ಲೇ ದ್ರಾಕ್ಷಿಗಳನ್ನು ಕೂಡಿಸಿ ಹೊಸ ತಳಿ ಎಬ್ಬಿಸತೊಡಗಿದ. ನದಿ ದಂಡೆಯಲ್ಲಿ ಬೆಳೆಯುವ ಕಾಡುದ್ರಾಕ್ಷಿ ವಿಟಿಸ್ ರೈಪೇರಿಯಾ ಎಂಥ ಹಿಮಕ್ಕೂ ಜಗ್ಗುವುದಿಲ್ಲ, ಆದರೆ ಅದರ ಹಣ್ಣು ಹುಳಿ, ಪುಟ್ಟದು. ತಿನ್ನುವ ದ್ರಾಕ್ಷಿಯ ಸಿಹಿಯನ್ನು ಅದರ ಗಟ್ಟಿತನಕ್ಕೆ ಬೆಸೆಯಬೇಕಿತ್ತು. ಅಲ್ಲಿಯ ಬೇಸಿಗೆ ಚಿಕ್ಕದು, ಹಿಮ ಬೀಳುವುದರೊಳಗೆ ಹಣ್ಣು ಮಾಗಿಬಿಡಬೇಕು. ದಶಕಗಟ್ಟಲೆ ದುಡಿದ ಮೇಲೆ ‘ಸ್ವೆನ್ಸನ್ ರೆಡ್’, ‘ಎಡೆಲ್ವೈಸ್’, ಬೀಜ ಕಾಣದ ‘ಸಾಮರ್‌ಸೆಟ್ ಸೀಡ್‌ಲೆಸ್’ ಮೂಡಿದವು. ಬೇಗ ಮಾಗುವ, ಚಳಿಗೆ ಅಂಜದ, ಮನೆಯಂಗಳದ ದ್ರಾಕ್ಷಿ. ಕೇಳಿದವರಿಗೆಲ್ಲ ಸ್ವೆನ್ಸನ್ ಕಡ್ಡಿ ಕತ್ತರಿಸಿ ಕೊಡುತ್ತಿದ್ದ.

ಈ ಹುಚ್ಚು ಅವನಿಗೆ ಹತ್ತಿದ್ದು ಅಜ್ಜನ ಪುಸ್ತಕಗಳ ನಡುವೆ ಸಿಕ್ಕ ಒಂದು ಗ್ರಂಥದಿಂದ. ಬರೆದವನು ಟೆಕ್ಸಸ್‌ನ ಡೆನಿಸನ್ ಊರಿನ ಥಾಮಸ್ ವೋಲ್ನಿ ಮನ್ಸನ್. ಅಮೆರಿಕದ ಕಾಡುದ್ರಾಕ್ಷಿಗಳನ್ನು ಹುಡುಕುತ್ತ ಕುದುರೆಯ ಮೇಲೂ ರೈಲಿನಲ್ಲೂ ಸಾವಿರಾರು ಮೈಲಿ ತಿರುಗಿದ ಮನುಷ್ಯ. ಬೇರು ತಿನ್ನುವ ಫಿಲೋಕ್ಸೆರಾ ಹೇನಿನಿಂದ 19ನೇ ಶತಮಾನದಲ್ಲಿ ಫ್ರಾನ್ಸಿನ ದ್ರಾಕ್ಷಿ ತೋಟಗಳು ಸಾಲುಸಾಲಾಗಿ ಸತ್ತಾಗ, ಸುಣ್ಣದ ನೆಲದಲ್ಲೂ ಬದುಕುವ ಟೆಕ್ಸಸ್‌ನ ಕಾಡು ಬೇರುಗಳನ್ನು ಫ್ರಾನ್ಸಿಗೆ ತೋರಿಸಿಕೊಟ್ಟವರಲ್ಲಿ ಅವನೇ ಮುಖ್ಯ. ಅದಕ್ಕೆ ಫ್ರಾನ್ಸ್ ಸರ್ಕಾರ 1888ರಲ್ಲಿ ಅವನಿಗೆ ಗೌರವ ಸಲ್ಲಿಸಿತು. ಮನ್ಸನ್ ತೀರಿಕೊಂಡದ್ದು 1913ರಲ್ಲಿ. ಸ್ವೆನ್ಸನ್ ಹುಟ್ಟಿದ್ದು ಅದೇ 1913ರಲ್ಲಿ.

ಈಗ ತಿಕೋಟಾಕ್ಕೆ ಬನ್ನಿ. ಯಾವುದಾದರೂ ಪಡದಲ್ಲಿ ಬಳ್ಳಿಯ ಬುಡದ ಹತ್ತಿರ ಕೂತು ನೋಡಿ. ನೆಲದಿಂದ ಸ್ವಲ್ಪ ಮೇಲೆ ಕಸಿಯ ಗಂಟು ಇರುತ್ತದೆ. ಗಂಟಿನ ಮೇಲೆ ಥಾಮ್ಸನ್ ಸೀಡ್‌ಲೆಸ್ಸೋ ಅದರ ಪೈಕಿಯದೋ ತಳಿ. ಗಂಟಿನ ಕೆಳಗೆ ಇರುವ ಬೇರಿನ ಹೆಸರು ನಮ್ಮ ಎಲ್ಲ ಬೆಳೆಗಾರರ ಬಾಯಲ್ಲೂ ಇದೆ: ಡಾಗ್‌ರಿಜ್. ಅದು ಟೆಕ್ಸಸ್‌ನ ಕಾಡುದ್ರಾಕ್ಷಿ. ಅದನ್ನು ಆರಿಸಿ ಲೋಕಕ್ಕೆ ಕೊಟ್ಟವನು ಇದೇ ಮನ್ಸನ್!

ಇದನ್ನು ತಿಳಿದ ದಿನ ನನಗೆ ನಿದ್ದೆ ಹತ್ತಲಿಲ್ಲ. ಹಿಮದ ವಿಸ್ಕಾನ್ಸಿನ್‌ನಲ್ಲಿ ಅಂಗಳದ ದ್ರಾಕ್ಷಿಗೆ ದಾರಿ ತೋರಿದ ಮನುಷ್ಯನೇ ಬಿಸಿಲ ತಿಕೋಟಾದ ಬೇರನ್ನೂ ಆರಿಸಿಟ್ಟಿದ್ದ. ಬೋರಿನ ಉಪ್ಪು ನೀರು, ಸುಣ್ಣದ ಮಣ್ಣು, ಬರ ಇವೆಲ್ಲಕ್ಕೆ ತಂತಮ್ಮ ಬೇರಿನ ಮೇಲೆ ನಿಂತ ಹಳೆಯ ಬಳ್ಳಿಗಳು ಸೋತಾಗ ನಮ್ಮ ಕಡೆ ಡಾಗ್‌ರಿಜ್ ಬಂತು. ತುಬಚಿ–ಬಬಲೇಶ್ವರ ಏತ ನೀರಾವರಿಯಲ್ಲಿ ಕೃಷ್ಣೆ ಈ ಮಡ್ಡಿ ಹತ್ತುವುದಕ್ಕೆ ಮುಂಚಿನ ಬರದ ವರ್ಷಗಳಲ್ಲಿ ತಿಕೋಟಾ ಭಾಗದ ರೈತರು ಟ್ಯಾಂಕರ್ ನೀರು ಕೊಂಡು ತಂದು ಬಳ್ಳಿ ಉಳಿಸಿದರು. ಆಗ ಆ ಗುಟುಕು ನೀರನ್ನು ಹೀರಿ ಹಿಡಿದದ್ದು ಟೆಕ್ಸಸ್‌ನ ಬೇರು. ಗಟ್ಟಿತನ ಅನ್ನುವುದು ಒಂದೇ ಬಗೆಯದಲ್ಲ. ಒಂದೇ ಖಂಡದ ಕಾಡುಬಳ್ಳಿಗಳಲ್ಲಿ ಕೆಲವು ಹಿಮವನ್ನು ಗೆದ್ದಿವೆ, ಕೆಲವು ಉಪ್ಪನ್ನು, ಕೆಲವು ಬೂಷ್ಟನ್ನು.

ಹಾಗಾದರೆ ಸ್ವೆನ್ಸನ್‌ನ ಬಳ್ಳಿಯನ್ನೇ ತಂದು ವಿಜಯಪುರದ ಜಲನಗರದ ಮನೆಯಂಗಳದಲ್ಲಿ ನೆಟ್ಟರೆ? ನನ್ನ ಮನಸ್ಸು ಕುಣಿಯಿತು, ಆದರೆ ಇಲ್ಲಿ ಇನ್ನೊಂದು ಬೆರಗು ಅಡ್ಡ ನಿಂತಿತು. ವಿಟಿಸ್ ರೈಪೇರಿಯಾ ಚಳಿಯನ್ನು ಕಾಯುತ್ತ ಕೂರುವುದಿಲ್ಲ, ಹಗಲನ್ನು ಅಳೆಯುತ್ತದೆ. ಹಗಲು 13 ಗಂಟೆಯ ಆಸುಪಾಸಿಗೆ ಇಳಿದದ್ದೇ ತಡ, ಹಿಮ ಬರಲಿದೆ ಎಂದು ತಿಳಿದು ಬೆಳವಣಿಗೆ ನಿಲ್ಲಿಸಿ ಕಣ್ಣು ಮುಚ್ಚತೊಡಗುತ್ತದೆ. ಆಸಿಯೋಲಾದಲ್ಲಿ ಜೂನ್ ತಿಂಗಳ ಹಗಲು 15 ಗಂಟೆ ದಾಟುತ್ತದೆ. ವಿಜಯಪುರದಲ್ಲಿ ವರ್ಷದ ಅತಿ ಉದ್ದದ ಹಗಲೇ ಸುಮಾರು 13 ಗಂಟೆ! ಅಂದರೆ ರೈಪೇರಿಯಾದ ಲೆಕ್ಕದಲ್ಲಿ ನಮ್ಮೂರಲ್ಲಿ ವರ್ಷಪೂರ್ತಿ ಚಳಿಗಾಲದ ಮುನ್ಸೂಚನೆ. ನಮ್ಮ ಮೇ ತಿಂಗಳ ಬಿಸಿಲಿನಲ್ಲಿ ನಿಂತು ಆ ಬಳ್ಳಿ ಹಿಮಕ್ಕೆ ಸಿದ್ಧವಾಗಬೇಕು. ಸೂರ್ಯನ ಗಡಿಯಾರವನ್ನು ಎಲೆಯಲ್ಲಿ ಹೊತ್ತ ಗಿಡಕ್ಕೆ ಕತ್ತರಿಯಿಂದ ಹೇಳಿ ಒಪ್ಪಿಸುವುದು ಸುಲಭವಲ್ಲ.

ಆದರೆ ಅಮೆರಿಕದ ಇನ್ನೊಂದು ಕಾಡುದ್ರಾಕ್ಷಿ, ವಿಟಿಸ್ ಲಾಬ್ರಸ್ಕಾ, ಇಷ್ಟು ಹಟಮಾರಿಯಲ್ಲ. ನಂಬಿದರೆ ನಂಬಿ, ಅದರ ರಕ್ತ ಕರ್ನಾಟಕದಲ್ಲಿ ನೂರಕ್ಕೂ ಹೆಚ್ಚು ವರ್ಷದಿಂದ ಹರಿಯುತ್ತಿದೆ. ನಮ್ಮ ‘ಬೆಂಗಳೂರು ನೀಲಿ’ ಆ ವಂಶದ್ದು. ದಪ್ಪ ಸಿಪ್ಪೆ, ಒಳಗಿನ ತಿರುಳು ಜಾರಿ ಹೊರಬರುವ ಪರಿ, ಮೂಗಿಗೆ ಅಡರುವ ಆ ಘಮ, ಎಲ್ಲ ಅಲ್ಲಿಂದಲೇ. ಹೆಸರಘಟ್ಟದ ತೋಟಗಾರಿಕೆ ಸಂಶೋಧನಾ ಸಂಸ್ಥೆಯವರು ಅದನ್ನೇ ತಾಯಿಯಾಗಿಸಿಕೊಂಡು ‘ಅರ್ಕಾ ಶ್ಯಾಮ್’, ‘ಅರ್ಕಾ ಹಂಸ್’ ಎಬ್ಬಿಸಿದರು. ಲಾಬ್ರಸ್ಕಾ ರಕ್ತದ ನಿಜವಾದ ಬೆಲೆ ರೋಗದ ಕಾಲಕ್ಕೆ ಗೊತ್ತಾಗುತ್ತದೆ. ನಮ್ಮ ರೈತರು ‘ದಾವಣಿ’ ಎಂದು ಹೆದರುವ ಬೂಷ್ಟು ರೋಗ ಹುಟ್ಟಿದ್ದೇ ಅಮೆರಿಕದಲ್ಲಿ. ಅದರ ಜೊತೆ ಜಗಳವಾಡುತ್ತಲೇ ಬೆಳೆದ ಬಳ್ಳಿಗೆ ಅದನ್ನು ತಡೆಯುವ ವಿದ್ಯೆ ಒಲಿದಿದೆ. ಯುರೋಪು, ಏಷ್ಯಾದ ದ್ರಾಕ್ಷಿಗೆ ಅದು 19ನೇ ಶತಮಾನದವರೆಗೆ ಕಂಡು ಕೇಳದ ಶತ್ರು. ಥಾಮ್ಸನ್ ಬಳ್ಳಿಗೆ ಮತ್ತೆ ಮತ್ತೆ ಔಷಧ ಹೊಡೆಯಬೇಕಾಗಿರುವುದು ಇದಕ್ಕೆ.

ಪುಣೆಯ ಅಗರ್ಕರ್ ಸಂಶೋಧನಾ ಸಂಸ್ಥೆಯ ‘ಎಆರ್‌ಐ 516’ ಕಥೆ ನನ್ನನ್ನು ಕುರ್ಚಿಯಿಂದ ಎಬ್ಬಿಸಿದ್ದು ಈ ಕಾರಣಕ್ಕೆ. ಲಾಬ್ರಸ್ಕಾ ವಂಶದ ‘ಕಟಾಬಾ’ ಎಂಬ ಅಮೆರಿಕದ ದ್ರಾಕ್ಷಿಯನ್ನೂ ‘ಬ್ಯೂಟಿ ಸೀಡ್‌ಲೆಸ್’ ಎಂಬ ಕಪ್ಪು ದ್ರಾಕ್ಷಿಯನ್ನೂ ಕೂಡಿಸಿ ಅದನ್ನು ಎಬ್ಬಿಸಿದ್ದಾರೆ. ಚಾಟ್ನಿಯಾದ 110ರಿಂದ 120 ದಿನಕ್ಕೆ ಹಣ್ಣು ಮಾಗುತ್ತದೆ, ಬೂಷ್ಟು ರೋಗಗಳನ್ನು ತಡೆಯುತ್ತದೆ, ರಸ ಹೇರಳ. ಬೀಜ ಇದೆ ನಿಜ. ಮಹಾರಾಷ್ಟ್ರ, ತೆಲಂಗಾಣ, ತಮಿಳುನಾಡು ಮುಂತಾದ ಕಡೆಗೆ ಅದನ್ನು ಶಿಫಾರಸು ಮಾಡಿದ್ದಾರೆ, ಮಹಾರಾಷ್ಟ್ರದ ಗಡಿ ತಿಕೋಟಾದಿಂದ ಎಷ್ಟು ದೂರ! ಬೇಗ ಮಾಗುವ ಆ ಗುಣ ಎಲ್ಲಿಂದ ಬಂತೆಂದು ವಂಶಾವಳಿ ಹಿಡಿದು ಹಿಂದಕ್ಕೆ ಹೋದೆ. ಬ್ಯೂಟಿ ಸೀಡ್‌ಲೆಸ್ಸನ್ನು ಕ್ಯಾಲಿಫೋರ್ನಿಯಾದಲ್ಲಿ ಹೆರಾಲ್ಡ್ ಓಲ್ಮೋ ಸೃಷ್ಟಿಸಿದ. ಅದರ ತಾಯಿ ಹಂಗೇರಿಯ ‘ದ್ರಾಕ್ಷಿತೋಟಗಳ ರಾಣಿ’, ಯಾನೋಶ್ ಮಥಿಯಾಸ್ ಎಂಬ ತಳಿಗಾರ ಎಬ್ಬಿಸಿದ್ದು. ಆ ರಾಣಿಯ ಹೆತ್ತವರಲ್ಲೊಂದು ‘ಚಾಬಾದ ಮುತ್ತು’, ಜಗತ್ತಿನಲ್ಲೇ ಅತಿ ಬೇಗ ಮಾಗುವ ದ್ರಾಕ್ಷಿಗಳಲ್ಲಿ ಒಂದು. ಮಳೆ ಬರುವ ಮೊದಲೇ ಜೂನ್‌ನಲ್ಲಿ ಮಾಗಬೇಕಾದ ಪಂಜಾಬಿನ ‘ಪರ್ಲೆಟ್’ ಕೂಡ ಇದೇ ರಾಣಿಯ ಮಗಳು. ಹೆಸರಘಟ್ಟದ ‘ಅರ್ಕಾ ಕಾಂಚನ’ದಲ್ಲೂ ಅವಳ ಪಾಲಿದೆ. ಹಂಗೇರಿಯ ಅವಸರ, ಅಮೆರಿಕದ ಕಾಡಿನ ಗಟ್ಟಿತನ, ಪುಣೆಯ ಪ್ರಯೋಗಾಲಯ: ಇಷ್ಟೆಲ್ಲ ಒಂದೇ ಹಣ್ಣಿನ ಸಿಪ್ಪೆಯೊಳಗೆ ಸೇರಿದೆ.

ಬೇಗ ಮಾಗುವುದರಿಂದ ನಮಗೇನು ಲಾಭ ಎಂದು ಕೇಳಬಹುದು. ಮಾರ್ಚ್ ತಿಂಗಳಲ್ಲಿ ಆಲಿಕಲ್ಲು ಬಿದ್ದದ್ದನ್ನು ಕಂಡವರು ಕೇಳುವುದಿಲ್ಲ. 2014ರ ಮಾರ್ಚ್‌ನಲ್ಲಿ ಮಹಾರಾಷ್ಟ್ರದಿಂದ ಉತ್ತರ ಕರ್ನಾಟಕದವರೆಗೆ ಸುರಿದ ಆಲಿಕಲ್ಲು ಮಾಗಿದ ಗೊನೆಗಳನ್ನು ಹಂದರದಲ್ಲೇ ಜಜ್ಜಿ ಹಾಕಿತು. ಥಾಮ್ಸನ್ ತಳಿಗಳಿಗೆ ಚಾಟ್ನಿಯಿಂದ 130 ದಿನ, ಕೆಲವೊಮ್ಮೆ ಅದಕ್ಕೂ ಮೇಲೆ ಬೇಕು. ಅದರ ಎದುರು 15–20 ದಿನ ಮುಂಚೆ ಬುಟ್ಟಿ ಸೇರುವ ಹಣ್ಣು ಬೆಳೆಯ ಕೊನೆಯ ಎರಡು ವಾರದ ನೀರನ್ನೂ ಉಳಿಸುತ್ತದೆ. ಪುಣೆ ಸಮೀಪದ ಮಾಂಜರಿಯ ರಾಷ್ಟ್ರೀಯ ದ್ರಾಕ್ಷಿ ಸಂಶೋಧನಾ ಕೇಂದ್ರದ ‘ಮಾಂಜರಿ ನವೀನ್’ ಕೂಡ ಬೇಗ ಮಾಗುವ, ಬೀಜರಹಿತ, ತಿನ್ನುವ ದ್ರಾಕ್ಷಿ. ಮನೆಗೆ ಒಂದೇ ಬಳ್ಳಿ ಹಚ್ಚುವವರಿಗೆ ನಾನು ಮೊದಲು ಹುಡುಕಲು ಹೇಳುವುದು ಅದನ್ನು.

ನಮ್ಮ ನೆರೆಯ ರೈತರೂ ಏನು ಕಡಿಮೆ? ಥಾಮ್ಸನ್ ಎಂಬ ಹೆಸರೇ 1872ರಲ್ಲಿ ನ್ಯೂಯಾರ್ಕ್ ರಾಜ್ಯದ ನರ್ಸರಿಯೊಂದರಿಂದ ಕಡ್ಡಿ ತರಿಸಿ ಕ್ಯಾಲಿಫೋರ್ನಿಯಾದಲ್ಲಿ ಹಚ್ಚಿದ ವಿಲಿಯಂ ಥಾಮ್ಸನ್ ಎಂಬ ಬೆಳೆಗಾರನದು. ಬಳ್ಳಿ ಮಾತ್ರ ಪಶ್ಚಿಮ ಏಷ್ಯಾದ ಹಳೆಯ ಕಿಶ್ಮಿಶ್. ಅದು ದಖ್ಖನಿಗೆ ಬಂದ ಮೇಲೆ ತಾಸಗಾಂವದ ಒಂದು ಪಡದಲ್ಲಿ, ಸೊಲ್ಲಾಪುರದ ಹತ್ತಿರದ ನಾನ್ನಜ್ ಊರಿನ ಪಡಗಳಲ್ಲಿ, ಸಾವಿರಾರು ಬಳ್ಳಿಗಳ ನಡುವೆ ಒಂದರ ಕಾಯಿ ತುಸು ಉದ್ದವಾಗಿದೆ ಎಂದು ಕಣ್ಣಿಟ್ಟು ನೋಡಿದ ರೈತರಿಂದ ‘ತಾಸ್–ಎ–ಗಣೇಶ್’, ‘ಸೋನಾಕಾ’, ‘ಮಾಣಿಕ್ ಚಮನ್’ ಹುಟ್ಟಿದವು. ಪ್ರಯೋಗಾಲಯದ ಗೊಡವೆಯೇ ಇಲ್ಲ! ಬಳ್ಳಿಯ ಒಂದು ಕೊಂಬೆ ತಾನಾಗಿ ಬದಲಾಯಿತು, ಒಬ್ಬ ರೈತ ಅದನ್ನು ಗಮನಿಸಿದ. ಬಬಲೇಶ್ವರದ ಪಡದಲ್ಲೋ ನಿಮ್ಮ ಹಿತ್ತಲಿನಲ್ಲೋ ಅದು ನಾಳೆ ಆಗಬಾರದೆಂದೇನೂ ಇಲ್ಲ.

ಮನೆಯಲ್ಲಿ ಬೆಳೆಸಲಿಕ್ಕೆ ದೊಡ್ಡ ಜಾಗ ಬೇಡ. ದಿನಕ್ಕೆ ಏಳೆಂಟು ಗಂಟೆ ನೇರ ಬಿಸಿಲು ಬೀಳುವ ಗೋಡೆಯ ಪಕ್ಕ ಎರಡಡಿ ಗುಂಡಿ ತೋಡಿ ಕೊಟ್ಟಿಗೆ ಗೊಬ್ಬರ ತುಂಬಿ. ಕಾಂಡವನ್ನು ಒಂದೇ ನೇರಕ್ಕೆ ಮಾಳಿಗೆಗೆ ಹತ್ತಿಸಿ ಮೇಲೆ ಹಂದರ ಕಟ್ಟಿ. ಬೇರು ನೆಲದಲ್ಲಿ, ಹಣ್ಣು ಮಾಳಿಗೆಯ ಮೇಲೆ, ಬೇಸಿಗೆಯಲ್ಲಿ ಕೆಳಗಿನ ಕೋಣೆಗೆ ನೆರಳೂ ಆಯಿತು. ಡಾಗ್‌ರಿಜ್ ಮೇಲೆ ಕಸಿ ಮಾಡಿದ ಸಸಿಯನ್ನೇ ತನ್ನಿ. ಇಲ್ಲವೇ ಫೆಬ್ರುವರಿ ಮಾರ್ಚ್‌ನಲ್ಲಿ ಬರೀ ಬೇರು ಸಸಿ ಹಚ್ಚಿ, ಆಗಸ್ಟ್ ಸೆಪ್ಟೆಂಬರ್ ಹೊತ್ತಿಗೆ ಪೆನ್ಸಿಲ್ ದಪ್ಪ ಆದಾಗ ಬಲ್ಲವರನ್ನು ಕರೆಸಿ ಕಸಿ ಕಟ್ಟಿಸಿ. ತಿಕೋಟಾದಲ್ಲಿ ಕಸಿ ಬಲ್ಲ ಕೈಗಳಿಗೆ ಬರವಿಲ್ಲ. ಕಸಿಯ ಗಂಟು ಮಣ್ಣಿನಲ್ಲಿ ಹೂತುಹೋಗದಂತೆ ನೋಡಿಕೊಳ್ಳಿ. ಹೂತರೆ ಮೇಲಿನ ತಳಿ ತಾನೇ ಬೇರು ಬಿಟ್ಟು ಡಾಗ್‌ರಿಜ್‌ನ ಉಪಕಾರವನ್ನೆಲ್ಲ ಮರೆಯುತ್ತದೆ.

ಏಪ್ರಿಲ್ ಚಾಟ್ನಿಯ ನಂತರ ಚಿಗುರು ಏಳನೇ ಎಲೆ ಮುಟ್ಟಿದಾಗ ತುದಿ ಚಿವುಟಿ. ಪಕ್ಕದ ಕಣ್ಣಿನಿಂದ ಹೊಸ ಕವಲು ಹೊರಟು ಅಲ್ಲೊಂದು ಗಂಟು ಬೀಳುತ್ತದೆ. ಬೆಳೆಗಾರರು ಇದಕ್ಕೆ ಸಬ್‌ಕೇನ್ ಅನ್ನುತ್ತಾರೆ. ಓಡುತ್ತಿದ್ದ ರಸಕ್ಕೆ ಅಲ್ಲಿ ತಡೆ ಬಿದ್ದು ಸುತ್ತಲಿನ ಕಣ್ಣುಗಳು ದಪ್ಪಗಾಗುತ್ತವೆ, ಥಾಮ್ಸನ್ ಪೈಕಿಯ ಬಳ್ಳಿಯಲ್ಲಿ ಗೊನೆ ಹೆಚ್ಚಾಗಿ ಸಿಗುವುದು ಅಲ್ಲೇ. ಬುಡದ ಕಣ್ಣಿಗೆ ಆಸೆ ಪಟ್ಟು ಅಕ್ಟೋಬರಿನಲ್ಲಿ ತೀರ ಗಿಡ್ಡ ಕತ್ತರಿಸಿದರೆ ಬರೀ ಎಲೆ. ಕಡ್ಡಿಗಳು ಒಂದರ ಮೇಲೊಂದು ಮುಚ್ಚಿಕೊಳ್ಳದಂತೆ ಬಿಡಿಸಿ ಕಟ್ಟುವುದು ಇನ್ನೊಂದು ಮುಖ್ಯ ಕೆಲಸ, ಯಾಕೆಂದರೆ ಜೂನ್‌ನಲ್ಲಿ ಕಣ್ಣಿನ ಮೇಲೆ ಬಿದ್ದ ಬೆಳಕೇ ಫೆಬ್ರುವರಿಯ ಗೊನೆ.

ಪಡಗಳಲ್ಲಿ ಅಕ್ಟೋಬರ್ ಚಾಟ್ನಿ ಮುಗಿದೊಡನೆ ಕಣ್ಣಿಗೆ ಹೈಡ್ರೋಜನ್ ಸೈನಮೈಡ್ ಹಚ್ಚುತ್ತಾರೆ. ಚಳಿಗಾಲ ಮಾಡಬೇಕಾದ ಕೆಲಸವನ್ನು ಆ ದ್ರಾವಣ ಮಾಡಿಕೊಡುತ್ತದೆ, ಎಲ್ಲ ಕಣ್ಣೂ ಒಟ್ಟಿಗೆ ಒಡೆಯುತ್ತವೆ. ಮನೆಗೆ ಅದು ಖಂಡಿತ ಬೇಡ. ಚರ್ಮಕ್ಕೂ ಉಸಿರಿಗೂ ಅಪಾಯದ ವಿಷ ಅದು, ಮುಟ್ಟಿದವರು ಮದ್ಯ ಸೇವಿಸಿದರಂತೂ ಜೀವಕ್ಕೇ ಕುತ್ತು. ಒಂದು ಬಳ್ಳಿಗೆ ಎಲೆ ಕಿತ್ತು ಕಡ್ಡಿಯನ್ನು ಮೆಲ್ಲಗೆ ತಿರುಚಿದರೂ ಸಾಕು, ಕಣ್ಣುಗಳು ಹಿಂದೆ ಮುಂದೆ ಒಡೆಯುತ್ತವೆ. ಮಾರಾಟಕ್ಕೆ ಒಟ್ಟಿಗೆ ಮಾಗಬೇಕು. ಮನೆಯವರಿಗೆ ಹದಿನೈದು ದಿನ ದಿನಕ್ಕೊಂದು ಗೊನೆ ಸಿಗುವುದೇ ಭಾಗ್ಯ. ಕಾಯಿ ಹಿಗ್ಗಿಸುವ ಜಿಬ್ಬರೆಲಿಕ್ ಆಮ್ಲವೂ ಬೇಡ. ಥಾಮ್ಸನ್ ಕಾಯಿ ತನ್ನಷ್ಟಕ್ಕೆ ಸಣ್ಣದೇ. ಅದರೊಳಗೆ ಬೀಜ ಹುಟ್ಟಿ, ಸ್ವಲ್ಪ ಬೆಳೆದು, ಅಲ್ಲೇ ಬಾಡಿಹೋಗುತ್ತದೆ. ನಾಲಿಗೆಗೆ ಸಿಗದ ಆ ಚೂರು ಬೀಜ ಕಾಯಿಯನ್ನು ಪೂರ್ತಿ ದಪ್ಪಗಾಗಿಸುವಷ್ಟು ಚೋದಕ ಕೊಡಲಾರದು. ಸಣ್ಣಗಿದ್ದರೂ ಆ ಸಿಹಿಯ ಸಾಂದ್ರತೆ! ಒಂದು ಚಿಗುರಿಗೆ ಒಂದೇ ಗೊನೆ ಉಳಿಸಿ, ಹಕ್ಕಿಗೆ ಬಲೆ ಕಟ್ಟಿ, ಮಳೆ ಮೋಡ ಕವಿದಾಗ ಬೋರ್ಡೋ ದ್ರಾವಣ ಹೊಡೆಯಿರಿ.

ಡಿಸೆಂಬರ್ ಜನವರಿಯ ಥಂಡಿ ರಾತ್ರಿಗಳು ಈ ಕಥೆಯಲ್ಲಿ ಪೂರ್ತಿ ಸುಮ್ಮನಿಲ್ಲ. ಮಾಗುವ ಹೊತ್ತಿಗೆ ಪಾರಾ ಫಕ್ಕನೆ ಇಳಿದರೆ ಹಸಿರು ಥಾಮ್ಸನ್ ಕಾಯಿಗಳು ಗುಲಾಬಿ ಬಣ್ಣಕ್ಕೆ ತಿರುಗುತ್ತವೆ. ಪೇಟೆಯಲ್ಲಿ ಅದು ಕುಂದು, ದರ ಬೀಳುತ್ತದೆ. ನನಗಂತೂ ಆ ಗುಲಾಬಿ ಕಂಡರೆ ರೋಮಾಂಚನ. ಕಪ್ಪು ಬಣ್ಣ ಕಟ್ಟುವ ವಿದ್ಯೆಯನ್ನು ಎಂದೋ ಬಿಟ್ಟ ಹಸಿರು ದ್ರಾಕ್ಷಿ, ಒಂದು ತಣ್ಣನೆಯ ರಾತ್ರಿ ಅದರ ಒಂದಕ್ಷರವನ್ನು ನೆನಪು ಮಾಡಿಕೊಳ್ಳುತ್ತದೆ.

ಮಿಕ್ಕ ಹಣ್ಣನ್ನು ಒಣಗಿಸಿ. ನಾಲ್ಕು ಕಿಲೋ ದ್ರಾಕ್ಷಿಗೆ ಸುಮಾರು ಒಂದು ಕಿಲೋ ಒಣದ್ರಾಕ್ಷಿ. ಶೆಡ್ಡುಗಳಲ್ಲಿ ಪೊಟ್ಯಾಸಿಯಂ ಕಾರ್ಬೊನೇಟ್ ಮತ್ತು ಈಥೈಲ್ ಓಲಿಯೇಟ್ ಬೆರೆಸಿದ ನೀರಿನಲ್ಲಿ ಗೊನೆ ಅದ್ದಿ ನೆರಳಿನ ಬಲೆಯ ಮೇಲೆ ಹರವುತ್ತಾರೆ. ಸಿಪ್ಪೆಯ ಮೇಣದ ಪದರ ಸಡಿಲಾಗಿ ಎರಡು ವಾರದೊಳಗೆ ಹಣ್ಣು ಒಣಗುತ್ತದೆ, ಬಣ್ಣ ಕಪ್ಪಾಗದೆ ಹೊನ್ನಿನ ಹಸಿರು ಉಳಿಯುತ್ತದೆ. ಇದು ಹೊಸ ಕಾಲದ ರಸಾಯನ ಎಂದುಕೊಂಡಿದ್ದೆ. ಒಂದನೇ ಶತಮಾನದ ರೋಮನ್ ಲೇಖಕ ಕೊಲುಮೆಲ್ಲಾ ದ್ರಾಕ್ಷಿಯನ್ನು ಬೂದಿಯ ತಿಳಿಯಲ್ಲಿ ಎಣ್ಣೆ ಬೆರೆಸಿ ಅದ್ದಿ ಒಣಗಿಸುವುದನ್ನು ಬರೆದಿದ್ದಾನೆ. ಕಟ್ಟಿಗೆ ಬೂದಿಯ ತಿಳಿಯಲ್ಲಿರುವುದು ಅದೇ ಪೊಟ್ಯಾಸಿಯಂ ಕಾರ್ಬೊನೇಟ್, ಓಲಿಯೇಟ್ ಆಲಿವ್ ಎಣ್ಣೆಯ ಬಳಗದ್ದೇ. ಎರಡು ಸಾವಿರ ವರ್ಷದ ಆ ಪಾಕ ಇಂದಿಗೂ ತಿಕೋಟಾದ ಶೆಡ್ಡಿನ ಟಬ್ಬಿನಲ್ಲಿದೆ!

ಒಂದು ಮಾತು ಹೇಳದೆ ಬಿಡುವಂತಿಲ್ಲ. ಬಾಳೆ, ಮಾವಿನಂತೆ ದ್ರಾಕ್ಷಿ ಕಿತ್ತ ಮೇಲೆ ಹಣ್ಣಾಗುವುದಿಲ್ಲ. ಬಳ್ಳಿಯಿಂದ ಬಿಡಿಸಿದ ಗಳಿಗೆಗೆ ಎಷ್ಟು ಸಿಹಿಯೋ ಅಷ್ಟೇ. ದೂರದ ಪೇಟೆಗೆ ಹೋಗುವ ಗೊನೆಯನ್ನು ಗಟ್ಟಿ ಇರುವಾಗಲೇ ಕೀಳಬೇಕಾಗುತ್ತದೆ. ಮನೆಯ ಹಂದರದ ಗೊನೆಗೆ ಲಾರಿ ಹತ್ತುವ ಅವಸರವಿಲ್ಲ. ಎಂಟು ದಿನ ಮುಂಚೆ ನೀರು ಕಡಿಮೆ ಮಾಡಿ, ಹಸಿರು ತೆಳುವಾಗಿ ಹಳದಿಯತ್ತ ಹೊರಳುವವರೆಗೆ ತಾಳಿ. ಗೊನೆಯ ತುದಿಯ ಕಾಯಿ ಎಲ್ಲಕ್ಕಿಂತ ಕೊನೆಗೆ ಮಾಗುತ್ತದೆ. ಅದನ್ನು ಕಿತ್ತು ಬಾಯಿಗೆ ಹಾಕಿಕೊಳ್ಳಿ. ಅದು ಸಿಹಿಯಾಗಿದ್ದರೆ ಆ ಗೊನೆ ಕೀಳಬಹುದು.